ಬಿಸಿಲನ್ನು ನಂಬಿದ ಕ್ಯಾಮೆರಾ

‘ವೀಡು’ ಚಿತ್ರದಲ್ಲಿ ಅಜ್ಜ ಒಬ್ಬನೇ ಬಂದು, ಅರ್ಧ ಕಟ್ಟಿದ ಮನೆಯ ಗೋಡೆ ಮುಟ್ಟಿ ನೋಡುವ ದೃಶ್ಯವೊಂದಿದೆ. ಅದರ ಕೋಣೆಗಳಿಗೆ ಮದರಾಸಿನ ಹಗಲು ಇಳಿಯುತ್ತದೆ. ಹಾಡಿಲ್ಲ, ಮಾತೂ ಬೇಕಿಲ್ಲ. ಬಾಲು ಮಹೇಂದ್ರರ ಛಾಯಾಗ್ರಹಣ ಏನೆಂದು ಯಾರಾದರೂ ಕೇಳಿದರೆ ನಾನು ಮೊದಲು ಹೇಳುವುದು ಈ ದೃಶ್ಯವನ್ನೇ.

ಶ್ರೀಲಂಕಾದಲ್ಲಿ ಹುಟ್ಟಿ, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿತು, ಮಲಯಾಳದ ‘ನೆಲ್ಲು’ (1974) ಚಿತ್ರದಿಂದ ಹೆಸರಾದ ಅವರು ನಿರ್ದೇಶಕರಾದದ್ದು ನಮ್ಮ ಕನ್ನಡದಲ್ಲಿ. 1977ರ ಕಪ್ಪು ಬಿಳುಪಿನ ‘ಕೋಕಿಲ’ ಅವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ತಂದಿತು. ಸ್ಟುಡಿಯೊ ಸೆಟ್ಟಿನಲ್ಲಿ ದೀಪಗಳನ್ನು ಸಾಲುಗಟ್ಟಿ ಉರಿಸಿ ಮುಖಗಳನ್ನು ಬೆಳಗುವ ರೂಢಿ ಗಟ್ಟಿಯಾಗಿದ್ದ ಕಾಲವದು. ಕಿಟಕಿಯಿಂದ ಬರುವಷ್ಟು ಬೆಳಕೇ ಸಾಕು, ಮುಖದ ಒಂದು ಬದಿ ಕತ್ತಲಾದರೆ ಆಗಲಿ ಎಂಬ ಧೈರ್ಯ ‘ಕೋಕಿಲ’ದ ನಟಿ ಶೋಭಾ ಅವರ ನಟನೆಗೆ ಉಸಿರಾಡಲು ಜಾಗ ಕೊಟ್ಟಿತು. ಮರುವರ್ಷ ನಿರ್ದೇಶಕ ಮಹೇಂದ್ರನ್ ಅವರ ‘ಮುಳ್ಳುಂ ಮಲರುಂ’, ಆಮೇಲೆ ‘ಶಂಕರಾಭರಣಂ’, 1983ರಲ್ಲಿ ಮಣಿರತ್ನಂ ಅವರ ಮೊದಲ ಚಿತ್ರ, ಕನ್ನಡದ ‘ಪಲ್ಲವಿ ಅನುಪಲ್ಲವಿ’. ನಾಲ್ಕು ಭಾಷೆಗಳಲ್ಲೂ ಬೆಳಕಿನ ಕೈಬರಹ ಒಂದೇ.

ಆದರೂ ನನ್ನ ತಕರಾರು ಒಂದಿದೆ. ಕೂದಲಂಚಿಗೆ ಹೊಂಬಣ್ಣ ಬಳಿಯುವ ಹಿಂಬೆಳಕು, ಊಟಿಯ ಮಂಜು ಇವುಗಳ ಮೋಹ ಅವರನ್ನು ಬೇಗ ಬಿಡಲಿಲ್ಲ. ‘ಪಲ್ಲವಿ ಅನುಪಲ್ಲವಿ’ಯಲ್ಲಿ ಒಂಟಿ ಹೆಣ್ಣಿನ ನೋವೂ ಕೆಲವೆಡೆ ಬರೀ ಚೆಲುವಾಗಿ ಕಾಣುತ್ತದೆ. ‘ಮೂನ್ರಾಂ ಪಿರೈ’ (1982) ಎರಡನೆಯ ರಾಷ್ಟ್ರಪ್ರಶಸ್ತಿ ತಂದ ಚಿತ್ರ. ಅದರ ನಡುವೆ ತುರುಕಿದ ಕುಣಿತದ ಹಾಡು ಕ್ಯಾಮೆರಾ ಕಟ್ಟಿದ ಮೌನವನ್ನೇ ಒಡೆಯುತ್ತದೆ. ಕೊನೆಗೆ ಕೇತಿ ರೈಲು ನಿಲ್ದಾಣದ ಮಳೆಯ ಬೂದು ಬೆಳಕು ಆ ತಪ್ಪನ್ನೆಲ್ಲ ತೊಳೆದುಬಿಡುತ್ತದೆ, ನಿಜ.

1988ರಲ್ಲಿ ಗ್ರೀಸಿನಲ್ಲಿ ನಿರ್ದೇಶಕ ಅಂಗೆಲೊಪೌಲೊಸ್ ಅವರ ‘ಮಂಜಿನಲ್ಲೊಂದು ಭೂದೃಶ್ಯ’ಕ್ಕೆ ಛಾಯಾಗ್ರಾಹಕ ಅರ್ವಾನಿಟಿಸ್ ಬಿಸಿಲನ್ನು ದೂರವಿಟ್ಟು ಮೋಡ ಮಂಜುಗಳಲ್ಲೇ ದುಃಖವನ್ನು ಕಡೆದರು. ಅದೇ ವರ್ಷದ ‘ವೀಡು’ವಿನಲ್ಲಿ ಬಾಲು ಮಹೇಂದ್ರ ನಡುಹಗಲ ಬಿಸಿಲಿಗೇ ಆ ಕೆಲಸ ಒಪ್ಪಿಸಿದರು. ಸಿಮೆಂಟು, ಇಟ್ಟಿಗೆ, ಬೆವರು ಎಲ್ಲವೂ ಇದ್ದ ಹಾಗೆಯೇ ಇವೆ. ಚೆಲುವಿನ ಮೋಹ ಕಳಚಿದ ಈ ಚಿತ್ರವೇ ಅವರ ಅತ್ಯುತ್ತಮ ಕೆಲಸ ಎಂಬುದು ನನ್ನ ತೀರ್ಮಾನ.

ಮುಂದೆ ಚೆನ್ನೈಯಲ್ಲೇ ‘ಸಿನಿಮಾ ಪಟ್ಟರೈ’ ಎಂಬ ಶಾಲೆ ತೆರೆದು ಹುಡುಗರಿಗೆ ಕಲಿಸಿದರು. 2014ರ ಫೆಬ್ರವರಿ 13ರಂದು ಅಲ್ಲೇ ತೀರಿಕೊಂಡರು. ‘ವೀಡು’ವಿನಂಥ ಚಿತ್ರದ ನೆಗೆಟಿವ್ ಕೂಡ ಉಳಿಯಲಿಲ್ಲವಲ್ಲ ಎಂಬುದು ಕೊನೆಗಾಲದಲ್ಲಿ ಅವರನ್ನು ಕಾಡಿದ ಕೊರಗು. ‘ಕೋಕಿಲ’ಕ್ಕೂ ಅದೇ ಗತಿ ಬರಬಾರದು. ಸಿಗುವ ಒಳ್ಳೆಯ ಪ್ರತಿಯನ್ನು ಹುಡುಕಿ, ಶುಚಿಗೊಳಿಸಿ, ಬೆಂಗಳೂರಿನ ದೊಡ್ಡ ಪರದೆಯ ಮೇಲೆ ತೋರಿಸುವ ಹೊಣೆಯನ್ನು ಕರ್ನಾಟಕ ಚಲನಚಿತ್ರ ಅಕಾಡೆಮಿ ಹೊರಬೇಕು.