ಮೊದಲ ಕಂತು ಮನೆಯದು

ಧಾರಾವಾಹಿಯ ಯೋಗ್ಯತೆ ತಿಳಿಯಲು ನೂರು ಕಂತು ನೋಡಬೇಕಿಲ್ಲ, ಮೊದಲನೆಯದೇ ಸಾಕು. ಅದರಲ್ಲೂ ಹಳೆಯ ಕಾಲದ ಸಂಸಾರದ ಕಥೆಯಾದರೆ ನಾನು ಗಮನಿಸುವುದು ಒಂದನ್ನೇ. ನಮ್ಮನ್ನು ಆ ಮನೆಯೊಳಕ್ಕೆ ಕರೆದುಕೊಂಡರೋ, ಹೊಸ್ತಿಲಾಚೆಗೇ ನಿಲ್ಲಿಸಿ ಜಗಳ ತೋರಿಸಿದರೋ?

ಈ ವಾರ ಮತ್ತೆ ನೋಡಿದ್ದು ಟರ್ಕಿಯ ‘ಓಯ್ಲೆ ಬಿರ್ ಗೆಚೆರ್ ಜಮಾನ್ ಕಿ’ಯ ಮೊದಲ ಕಂತು. 2010ರ ಸೆಪ್ಟೆಂಬರಿನಲ್ಲಿ ಕನಾಲ್ ಡಿ ವಾಹಿನಿಯಲ್ಲಿ ಶುರುವಾಗಿ 2013ರವರೆಗೆ ನಡೆದ ಧಾರಾವಾಹಿ ಇದು. ಕಥೆ ತೊಡಗುವುದು 1967ರ ಇಸ್ತಾಂಬುಲ್‌ನಲ್ಲಿ. ಅಲಿ ಹಡಗಿನ ಕ್ಯಾಪ್ಟನ್, ಹೆಂಡತಿ ಜೆಮಿಲೆ, ನಾಲ್ಕು ಮಕ್ಕಳು. ಸಮುದ್ರದ ಮೇಲೆ ಬಹುಕಾಲ ಕಳೆದ ಯಜಮಾನ ಊರಿಗೆ ಬರುತ್ತಾನೆ. ಅವನ ಜೇಬಿನಲ್ಲಿ ಕ್ಯಾರೊಲಿನ್ ಎಂಬ ಪರದೇಶದ ಹೆಂಗಸು ಬರೆದ ಕಾಗದ ಹೆಂಡತಿಯ ಕೈಗೆ ಸಿಗುತ್ತದೆ. ಗಂಡ, ಇನ್ನೊಬ್ಬಳು, ಕಾಗದ: ಇಂಥ ಕಥೆ ನಮಗೇನು ಹೊಸದೇ? ಆದರೂ ಎದೆ ಹಿಂಡುತ್ತದೆ. ಕಾರಣ, ಇದೆಲ್ಲವನ್ನೂ ನಾವು ಕಾಣುವುದು ಕಿರಿಯ ಮಗ ಓಸ್ಮಾನನ ನೆನಪಿನಲ್ಲಿ. ಒಂದು ಮನೆಯ ಸಂತೋಷ ಎಂಥದ್ದೆಂದು ತಿಳಿದ ಮೇಲೆ ತಾನೇ ಅದು ಒಡೆದರೆ ನೋವಾಗುವುದು? ಜೆಮಿಲೆಯಾಗಿ ಅಯ್ಚಾ ಬಿಂಗೋಲ್ ಮಾತಿಗಿಂತ ಹೆಚ್ಚನ್ನು ಮುಖದಲ್ಲೇ ಹೇಳಿಬಿಡುತ್ತಾರೆ.

ಟರ್ಕಿಯವರಿಗೇನು, ವಾರಕ್ಕೊಂದೇ ಕಂತು, ಅದೂ ಒಂದೂವರೆ ಗಂಟೆಯದ್ದು, ನಿಧಾನವಾಗಿ ಹೇಳಬಹುದು ಎನ್ನುವವರಿದ್ದಾರೆ. ಈ ನೆಪ ನಿಲ್ಲುವುದಿಲ್ಲ. ಅರ್ಧ ಗಂಟೆಯೊಳಗೆ ಇದೇ ಕೆಲಸವನ್ನು ಶಂಕರ್‌ನಾಗ್ ನಮ್ಮ ಆಗುಂಬೆಯಲ್ಲೇ ಮಾಡಿ ತೋರಿಸಿದ್ದಾರೆ.

ಅವರ ‘ಮಾಲ್ಗುಡಿ ಡೇಸ್’ನ ‘ಹೀರೋ’ ಕಂತನ್ನು ನೆನಪಿಸಿಕೊಳ್ಳಿ. ಧೈರ್ಯವೊಂದಿದ್ದರೆ ಸಾಕು ಎನ್ನುವ ಅಪ್ಪ, ಇವತ್ತು ನೀನೊಬ್ಬನೇ ನನ್ನ ಆಫೀಸು ಕೋಣೆಯಲ್ಲಿ ಮಲಗು ಎಂದು ಸ್ವಾಮಿಗೆ ಸವಾಲು ಹಾಕುತ್ತಾನೆ. ಕಥೆ ಇಷ್ಟೇ. ಅಪ್ಪ ಗಿರೀಶ ಕಾರ್ನಾಡ, ಅಮ್ಮ ವೈಶಾಲಿ ಕಾಸರವಳ್ಳಿ, ಸ್ವಾಮಿ ಮಾಸ್ಟರ್ ಮಂಜುನಾಥ್. ಅಜ್ಜಿಯ ಮಗ್ಗುಲಲ್ಲಿ ಮಲಗುವ ಹುಡುಗನಿಗೆ ಆ ಕೋಣೆ ಎಷ್ಟು ದೂರ ಎಂದು ನಮಗೂ ಅನ್ನಿಸಬೇಕು, ಆಗಷ್ಟೇ ಅವನ ಭಯ ನಮ್ಮದಾಗುತ್ತದೆ. ದೊಡ್ಡಮನೆಯ ತೊಟ್ಟಿ, ಮರದ ಕಂಬ, ಕಂಬದ ಹಿಂದಿನ ಕತ್ತಲೆಗಳನ್ನು ಎಸ್. ರಾಮಚಂದ್ರ ಅವರ ಕ್ಯಾಮೆರಾ ಎಷ್ಟು ಚೆನ್ನಾಗಿ ಪರಿಚಯ ಮಾಡಿಸಿದೆಯೆಂದರೆ, ಬೆಂಚಿನ ಕೆಳಗೆ ಮುದುಡಿದ ಸ್ವಾಮಿ ಕಳ್ಳನ ಕಾಲು ಕಚ್ಚುವ ಹೊತ್ತಿಗೆ ನಾವೂ ಆ ಮನೆಯವರೇ. ಮಾರನೇ ದಿನ ಊರೆಲ್ಲ ಹೊಗಳಿದರೂ ಹುಡುಗ ರಾತ್ರಿಗೆ ಮತ್ತೆ ಅಜ್ಜಿಯ ಪಕ್ಕಕ್ಕೇ ಓಡುತ್ತಾನೆ. ಆರ್.ಕೆ. ಲಕ್ಷ್ಮಣ್ ಗೆರೆಗಳನ್ನೂ ಎಲ್. ವೈದ್ಯನಾಥನ್ ರಾಗವನ್ನೂ ಎಲ್ಲರೂ ಹೊಗಳುತ್ತಾರೆ. ನನ್ನ ಮಟ್ಟಿಗೆ ಆ ಧಾರಾವಾಹಿಯ ದೊಡ್ಡ ಪಾತ್ರ ಆ ಮನೆಯೇ. ಇಷ್ಟು ನಮ್ಮದಾದ ಕೃತಿ ದೂರದರ್ಶನದಲ್ಲಿ ಹಿಂದಿ ಮಾತಾಡಿತು ಎಂಬ ಬೇಸರ ಮಾತ್ರ ನನಗೆ ಇಂದಿಗೂ ಹೋಗಿಲ್ಲ.

ನಮ್ಮ ರಾಮನಗರದ ಕಡೆಗೂ ಕ್ಯಾಮೆರಾ ಬಂದಿದೆ. 1973ರಲ್ಲಿ ‘ಶೋಲೆ’ಯವರು ರಾಮದೇವರ ಬೆಟ್ಟದ ಬುಡದಲ್ಲಿ ಒಂದು ಹಳ್ಳಿಯನ್ನೇ ಕಟ್ಟಿದರು. 1984ರಲ್ಲಿ ತೆರೆಗೆ ಬಂದ ‘ಎ ಪ್ಯಾಸೇಜ್ ಟು ಇಂಡಿಯಾ’ಕ್ಕಾಗಿ ಡೇವಿಡ್ ಲೀನ್ ಮಾಗಡಿಯ ಸಾವನದುರ್ಗಕ್ಕೆ ಬಂದರು. ಅವರಿಗೆ ಬೇಕಿದ್ದದ್ದು ಬಂಡೆ. ಬಂಡೆಯ ಕೆಳಗಿನ ಮನೆ ಬೇಕಿರಲಿಲ್ಲ.

ಆ ಮನೆಯಲ್ಲಿ ಏನಿತ್ತು? ಹುಳು ಸಾಕಲು ಬೇರೆ ಹುಳುಮನೆ ಕಟ್ಟುವ ಮುಂಚೆ, ಕನಕಪುರ, ಮಾಗಡಿ, ಚನ್ನಪಟ್ಟಣದ ಹಳ್ಳಿಗಳಲ್ಲಿ ರೇಷ್ಮೆಹುಳು ಬೆಳೆಯುತ್ತಿದ್ದದ್ದು ಜನ ಇರುವ ಮನೆಯಲ್ಲೇ. ನಾಲ್ಕನೇ ಜ್ವರ, ಅಂದರೆ ಕೊನೆಯ ಸಲ ಪೊರೆ ಬಿಡುವ ನಿದ್ದೆ, ಮುಗಿಸಿ ಎದ್ದ ಹುಳುವಿನ ಹಸಿವಿಗೆ ಮಿತಿಯಿಲ್ಲ. ನಡುಮನೆಯೆಲ್ಲ ತಟ್ಟೆ, ಮನೆಯವರ ಹಾಸಿಗೆ ಜಗಲಿಗೆ. ನಡುರಾತ್ರಿ ಎದ್ದು ಸೊಪ್ಪು ಹಾಕಿದರೆ ಕತ್ತಲಲ್ಲಿ ಅವು ಮೇಯುವ ಸದ್ದು ಸೋನೆಮಳೆಯ ಹಾಗೆ ಕೇಳಿಸುತ್ತದೆ. ಹೊರಗಿನವರನ್ನು ಒಳಕ್ಕೆ ಬಿಡುವಂತಿಲ್ಲ. ಹಣ್ಣಾದ ಹುಳುವನ್ನು ಆಯ್ದು ಗೂಡು ಕಟ್ಟಲು ಚಂದ್ರಿಕೆಗೆ ಬಿಡುವ ದಿನ ಮಕ್ಕಳೂ ಕೈಹಾಕಬೇಕು. ಆಮೇಲೆ ಅಪ್ಪ ಗೂಡಿನ ಮೂಟೆಯೊಂದಿಗೆ ರಾಮನಗರದ ಮಾರುಕಟ್ಟೆಗೆ ಹೊರಡುತ್ತಾನೆ. ಅಲ್ಲಿ ಆಗ ನೂಲು ಬಿಚ್ಚುವ ರೀಲರುಗಳು ರಾಶಿಯೊಳಗೆ ಕೈಯಿಟ್ಟು, ಗೂಡನ್ನು ಹಿಸುಕಿ ನೋಡಿ ಹರಾಜು ಕೂಗುತ್ತಿದ್ದರು. ಮಗಳ ಮದುವೆ, ಮಗನ ಫೀಸು, ಹಳೆಯ ಸಾಲ ಎಲ್ಲವೂ ಆ ಒಂದು ಕೂಗಿನ ಮೇಲೆ.

ರಾತ್ರಿಯ ಬಸ್ಸಿಳಿದು ಬರುವ ಅಪ್ಪನ ಜೇಬಿನಲ್ಲಿ ಹರಾಜಿನ ಚೀಟಿ ಇರುತ್ತದೆ. ರೇಟು ಬಿದ್ದದ್ದನ್ನು ಅವನು ಬಾಯಿಬಿಟ್ಟು ಹೇಳುವ ಮುಂಚೆಯೇ ಅವ್ವನಿಗೆ ಗೊತ್ತಾಗುತ್ತದೆ. ಅಲಿ ಕ್ಯಾಪ್ಟನ್ ಮನೆಗೆ ಬಂದ ದೃಶ್ಯಕ್ಕೆ ಇದು ಯಾವುದರಲ್ಲಿ ಕಡಿಮೆ?

ಧಾರಾವಾಹಿ ಮಾಡುವವರಲ್ಲಿ ನನ್ನದೊಂದು ಕೇಳಿಕೆ. ಸೆಟ್ಟಿನ ಬಂಗಲೆ, ಒಡವೆ ಹೇರಿಕೊಂಡ ಅತ್ತೆಯನ್ನು ಒಂದು ವರ್ಷ ಬದಿಗಿಡಿ. ರೇಷ್ಮೆ ಬೆಳೆದ ಮನೆಯ ಹಿರಿಯರು ಈ ಕಡೆಯ ತಾಲ್ಲೂಕುಗಳಲ್ಲಿ ಇನ್ನೂ ಇದ್ದಾರೆ, ಬಂದು ಕೂತು ಕೇಳಿ. ಮೊದಲ ಕಂತಿನ ಇಪ್ಪತ್ತು ನಿಮಿಷದಲ್ಲಿ ಹತ್ತನ್ನು ಆ ನಡುಮನೆಗೆ ಕೊಡಿ. ಜಗಳಕ್ಕೆ ಮುಂದೆ ಬೇಕಾದಷ್ಟು ಕಂತುಗಳಿವೆ.