ಶೈರ್ ನಾಡಿನ ಕಾಲಗಣನೆ

ಕಲ್ಪಿತ ಲೋಕವೊಂದನ್ನು ಕಟ್ಟುವ ಲೇಖಕನು ಅದಕ್ಕೆ ಬೆಟ್ಟ ಹೊಳೆಗಳನ್ನೂ ರಾಜವಂಶಗಳನ್ನೂ ಕೊಡುವುದು ಹೊಸತಲ್ಲ. ಆ ಲೋಕದ ಜನರು ದಿನಗಳನ್ನು ಎಣಿಸುತ್ತಿದ್ದ ರೀತಿಯನ್ನು ಅಧಿಕದಿನದ ಲೆಕ್ಕದವರೆಗೂ ವಿವರಿಸುವುದು ಮಾತ್ರ ಅಪೂರ್ವ. ಜೆ. ಆರ್. ಆರ್. ಟೋಲ್ಕಿನ್ನರ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಕೃತಿಯ ಮೂರನೆಯ ಸಂಪುಟ ೧೯೫೫ರಲ್ಲಿ ಪ್ರಕಟವಾಯಿತು. ಅದರ ನಾಲ್ಕನೆಯ ಅನುಬಂಧವು ಇಂಥ ವಿವರಣೆಗೇ ಮೀಸಲಾಗಿದೆ. ಕಥೆಯನ್ನು ಮುಗಿಸಿದ ಓದುಗನು ಈ ಪುಟಗಳನ್ನು ಪಂಡಿತನೊಬ್ಬನ ವಿನೋದವೆಂದು ಬಗೆದು ಬದಿಗಿಡುವುದು ಸಹಜ. ವಿನೋದವೆಂಬುದೇನೋ ನಿಜ, ಆದರೆ ಕೃತಿಯ ತಿರುಳನ್ನು ಮುಟ್ಟುವ ದಾರಿಯೊಂದು ಅಲ್ಲಿಯೇ ಇದೆಯೆಂದು ತೋರಿಸುವುದು ಪ್ರಕೃತ ಲೇಖನದ ಉದ್ದೇಶ.

ಮೊದಲು ಲೆಕ್ಕವನ್ನು ನೋಡೋಣ. ಶೈರ್ ಎಂಬುದು ಹಾಬಿಟ್ಟರ ನಾಡು. ಬೇಸಾಯ, ಊಟೋಪಚಾರ, ನೆಂಟಸ್ತಿಕೆಗಳಲ್ಲಿ ತೃಪ್ತರಾಗಿ ಹೊರಗಿನ ಗೊಡವೆಯಿಲ್ಲದೆ ಬಾಳುವ ಕುಳ್ಳ ಜನ ಅವರು. ಅವರ ವರ್ಷಕ್ಕೆ ಹನ್ನೆರಡು ತಿಂಗಳು. ಪ್ರತಿ ತಿಂಗಳಿಗೂ ಮೂವತ್ತೇ ದಿನ. ಮಿಕ್ಕ ಐದು ದಿನಗಳು ಯಾವ ತಿಂಗಳಿಗೂ ಸೇರವು. ವರ್ಷದ ಕಡೆಯ ದಿನ ಮತ್ತು ಮೊದಲ ದಿನ ಯೂಲ್ ಹಬ್ಬ; ಆರನೆಯ ಮತ್ತು ಏಳನೆಯ ತಿಂಗಳುಗಳ ನಡುವಣ ಮೂರು ದಿನ ಲೈದ್ ಹಬ್ಬ. ಶತಮಾನದ ಕೊನೆಯ ವರ್ಷವನ್ನುಳಿದು ನಾಲ್ಕು ವರ್ಷಕ್ಕೊಮ್ಮೆ ಲೈದ್ ದಿನಗಳಿಗೆ ಇನ್ನೊಂದು ಕೂಡುತ್ತದೆ. ತಿಂಗಳ ಹೆಸರುಗಳು ಲೇಖಕರ ಸ್ವಕಪೋಲಕಲ್ಪಿತಗಳಲ್ಲ. ೭೨೫ರಲ್ಲಿ ಬೀಡ್ ಎಂಬ ಕ್ರೈಸ್ತ ಸಂನ್ಯಾಸಿ ಕಾಲಗಣನೆಯನ್ನು ಕುರಿತು ಬರೆದ ಲ್ಯಾಟಿನ್ ಗ್ರಂಥದಲ್ಲಿ ಉಳಿದುಬಂದಿರುವ ಪ್ರಾಚೀನ ಇಂಗ್ಲಿಷ್ ಮಾಸನಾಮಗಳೇ ಇಲ್ಲಿ ಬಾಯಿಂದ ಬಾಯಿಗೆ ಸವೆದ ರೂಪವನ್ನು ತಾಳಿವೆ. 'ಥ್ರಿಮಿಜ್' ಎಂಬುದರ ಮೂಲ, ಹಸುಗಳನ್ನು ದಿನಕ್ಕೆ ಮೂರು ಬಾರಿ ಕರೆಯುವ ತಿಂಗಳು.

ಮುಂದೆ ಎರಡನೆಯ ಐಸೆನ್‌ಗ್ರಿಮ್ ಎಂಬ ನಾಯಕನ ಕಾಲದಲ್ಲಿ ಒಂದು ಸುಧಾರಣೆ ನಡೆಯುತ್ತದೆ. ವರ್ಷದ ನಟ್ಟನಡುವಿನ ದಿನಕ್ಕೂ ಅಧಿಕದಿನಕ್ಕೂ ವಾರದ ಹೆಸರನ್ನು ತೆಗೆದುಹಾಕುತ್ತಾರೆ. ಉಳಿದ ೩೬೪ ದಿನಗಳು ಸರಿಯಾಗಿ ೫೨ ವಾರಗಳಾಗುತ್ತವೆ. ಅಂದಿನಿಂದ ಪ್ರತಿ ವರ್ಷವೂ ಶನಿವಾರ ಮೊದಲಾಗಿ ಶುಕ್ರವಾರ ಮುಗಿಯುತ್ತದೆ. ಒಂದು ತೇದಿಗೆ ಎಂದೆಂದಿಗೂ ಒಂದೇ ವಾರ. ಹಾಬಿಟ್ಟರು ಕಾಗದಗಳಲ್ಲಿ ವಾರವನ್ನು ಬರೆಯುವುದನ್ನೇ ಬಿಟ್ಟರಂತೆ. ಇದನ್ನು ಪಂಚಾಂಗವೆನ್ನುವುದು ಕಷ್ಟ. ತಿಥಿ, ನಕ್ಷತ್ರ, ಯೋಗ, ಕರಣಗಳು ಇಲ್ಲಿಲ್ಲ. ಐದು ಅಂಗಗಳಲ್ಲಿ ಇದ್ದದ್ದು ವಾರವೊಂದೇ, ಅದೂ ಈಗ ಅಲುಗದಂತೆ ಕಟ್ಟುಬಿದ್ದಿದೆ.

ಈ ಲೆಕ್ಕದಿಂದ ಒಂದು ಗಾದೆ ಹುಟ್ಟುತ್ತದೆ. ಮೂವತ್ತು ದಿನದ ತಿಂಗಳುಗಳನ್ನು ಸಾಲಾಗಿ ಎಣಿಸಿ ನೋಡಿದರೆ ಯಾವ ತಿಂಗಳೂ ಶುಕ್ರವಾರದಂದು ಮೊದಲಾಗುವುದಿಲ್ಲ. ಆದಕಾರಣ ಎಂದಿಗೂ ಆಗದ ಕೆಲಸವನ್ನು ಹಾಬಿಟ್ಟರು 'ಶುಕ್ರವಾರ, ಒಂದನೆಯ ತಾರೀಖು' ಎಂಬುದಕ್ಕೆ ಹಾಕಿ ನಗುತ್ತಾರೆ. ಹಂದಿಗಳು ಹಾರುವ, ಮರಗಳು ನಡೆಯುವ ದಿನ ಅದು. ಈ ಎರಡನೆಯ ಉದಾಹರಣೆಯನ್ನು ಗಮನಿಸಬೇಕು. ಕಥೆಯ ಆದಿಯಲ್ಲಿ ಸ್ಯಾಮ್ ನಡೆಯುವ ಮರವೊಂದರ ಸುದ್ದಿಯನ್ನು ಹೇಳಿದಾಗ ಪಾನಗೃಹದಲ್ಲಿ ಕುಳಿತವರು ಅವನನ್ನು ಹಾಸ್ಯಮಾಡುತ್ತಾರೆ. ಕಥೆಯ ನಡುವೆ ಮರಗಳು ನಿಜವಾಗಿಯೂ ನಡೆದು ಯುದ್ಧಕ್ಕೆ ಬರುತ್ತವೆ. ಶೈರಿನ ಲೆಕ್ಕದಲ್ಲಿ ಇಲ್ಲದ ದಿನ ಶೈರಿನ ಹೊರಗೆ ಬಂದೇಬಿಡುತ್ತದೆ. ಹಾಬಿಟ್ಟರ ಗಣನೆಯೆಂದರೆ ಅವರ ನಿಶ್ಚಿಂತೆಯ ಚಿತ್ರವೇ. ಆ ನಿಶ್ಚಿಂತೆ ಒಡೆಯುವುದೇ ಕಥೆಯ ವಸ್ತು.

ಇಂಥ ಸುಧಾರಣೆಯನ್ನು ನಮ್ಮ ಲೋಕವೂ ಬಯಸಿತ್ತು. ವರ್ಷಾಂತ್ಯದ ಒಂದು ದಿನವನ್ನೂ ಅಧಿಕದಿನವನ್ನೂ ವಾರದಿಂದ ಹೊರಗಿಡುವ 'ಲೋಕ ಪಂಚಾಂಗ'ದ ಯೋಜನೆ ಭಾರತದ ಬೆಂಬಲದೊಡನೆ ೧೯೫೪ರಲ್ಲಿ ಸಂಯುಕ್ತ ರಾಷ್ಟ್ರ ಸಂಸ್ಥೆಯ ಆರ್ಥಿಕ ಮತ್ತು ಸಾಮಾಜಿಕ ಮಂಡಲಿಯ ಮುಂದೆ ಚರ್ಚೆಗೆ ಬಂದಿತು. ೧೯೫೬ರಲ್ಲಿ ಅನಿರ್ದಿಷ್ಟ ಕಾಲದವರೆಗೆ ಮುಂದೂಡಲ್ಪಟ್ಟಿತು. ಲೆಕ್ಕದಲ್ಲಿ ದೋಷವಿರಲಿಲ್ಲ. ಆದರೆ ಏಳು ದಿನಕ್ಕೊಮ್ಮೆ ದೇವರ ದಿನವನ್ನು ಆಚರಿಸುವವರಿಗೆ, ವಾರದ ಸರಪಳಿಯಿಂದ ಒಂದು ಕೊಂಡಿಯನ್ನು ಕಳಚಿದರೆ ಆ ದಿನವೇ ತಪ್ಪಿಹೋಗುತ್ತದೆ. ಹಾಬಿಟ್ಟರಿಗೆ ಸುಲಭವಾದುದು ಮನುಷ್ಯರಿಗೆ ಏಕೆ ದುಸ್ಸಾಧ್ಯವಾಯಿತೆಂಬುದಕ್ಕೆ ಉತ್ತರ ಇಲ್ಲಿದೆ. ಶೈರಿನಲ್ಲಿ ಗುಡಿಯಿಲ್ಲ, ಪುರೋಹಿತನಿಲ್ಲ, ವ್ರತದ ದಿನವಿಲ್ಲ. ಅವರ ವಾರ ಯಾವ ದೇವರಿಗೂ ಸೇರಿದ್ದಲ್ಲ. ಅಲ್ಲಿಯ ಗಣನೆಯ ಅಚ್ಚುಕಟ್ಟುತನವು ಆ ಲೋಕದ ಒಂದು ಶೂನ್ಯವನ್ನು ಬಯಲುಮಾಡುತ್ತದೆ.

ಲೇಖಕರು ಈ ಶೂನ್ಯವನ್ನು ಅರಿಯದವರೆನ್ನುವಂತಿಲ್ಲ. ಶ್ರದ್ಧಾವಂತ ಕ್ಯಾಥೊಲಿಕರಾಗಿದ್ದ ಅವರು ವಾರದಲ್ಲಿ ಬಿಟ್ಟುದನ್ನು ತೇದಿಯಲ್ಲಿ ತುಂಬಿದ್ದಾರೆ. ಉಂಗುರವನ್ನು ಹೊತ್ತವರು ರಿವೆಂಡೆಲ್ಲಿನಿಂದ ಹೊರಡುವುದು ಡಿಸೆಂಬರ್ ೨೫ರಂದು. ಉಂಗುರ ಬೆಂಕಿಗೆ ಬಿದ್ದು ಸೌರಾನನ ರಾಜ್ಯ ಕುಸಿಯುವುದು ಮಾರ್ಚ್ ೨೫ರಂದು. ಮೊದಲನೆಯದು ಕ್ರಿಸ್ತಜಯಂತಿ; ಎರಡನೆಯದು ದೇವದೂತನು ಮರಿಯಳಿಗೆ ಶುಭವಾರ್ತೆಯನ್ನು ತಂದ ದಿನ, ೧೭೫೧ರವರೆಗೆ ಇಂಗ್ಲೆಂಡಿನಲ್ಲಿ ಶಾಸನಬದ್ಧ ವರ್ಷಾರಂಭವೂ ಆಗಿದ್ದ ದಿನ. ಗೊಂಡೋರ್ ರಾಜ್ಯದಲ್ಲಿಯೂ ಇನ್ನು ಮೇಲೆ ಹೊಸ ವರ್ಷ ಮಾರ್ಚ್ ೨೫ರಿಂದಲೇ. ಪಾತ್ರಗಳಿಗೆ ಇದರ ಅರಿವಿಲ್ಲ. ಬಲ್ಲ ಓದುಗನಿಗೆ ಮಾತ್ರ ಉಂಟು.

ಆದರೆ ನನಗೆ ಇದಕ್ಕಿಂತ ಮಿಗಿಲಾಗಿ ತೋರುವುದು ಅನುಬಂಧದ ಒಂದು ಚಿಕ್ಕ ವಿವರ. ಶೈರಿನವರು ಹೊಸ ಗಣನೆಯನ್ನು ಒಪ್ಪದೆ ಹಳೆಯದನ್ನೇ ಉಳಿಸಿಕೊಂಡರು. ಏಪ್ರಿಲ್ ೬ನ್ನು ಮಾತ್ರ ಹಬ್ಬವಾಗಿ ಆಚರಿಸತೊಡಗಿದರು. ಏಕೆಂದು ಕೇಳಿದರೆ, ಅದು ಸ್ಯಾಮನ ಹುಟ್ಟುಹಬ್ಬವೆಂದು ಕೆಲವರು, ಅವನು ನೆಟ್ಟ ಹೊನ್ನಿನ ಮರ ಮೊದಲು ಹೂಬಿಟ್ಟ ದಿನವೆಂದು ಕೆಲವರು, ಎಲ್ಫರ ವರ್ಷಾರಂಭವೆಂದು ಮತ್ತೆ ಕೆಲವರು. ಒಂದು ದಿನಕ್ಕೆ ಮೂರು ಕಾರಣಗಳು! ಲೆಕ್ಕದಿಂದ ಹುಟ್ಟಿದ ದಿನಕ್ಕೆ ಇಂಥ ಭಿನ್ನಪಾಠಗಳಿರುವುದಿಲ್ಲ. ನೆನಪಿನಿಂದ ಹುಟ್ಟಿದ ದಿನಕ್ಕೆ ಅವು ಇರಲೇಬೇಕು. ಶೂನ್ಯವಿದ್ದ ಗಣನೆಗೆ ಇಲ್ಲಿ ಜೀವ ಬರುತ್ತದೆ.

ಒಂದು ಕೊರತೆಯನ್ನೂ ಹೇಳಬೇಕು. ಓದುಗನಿಗೆ ಸುಲಭವಾಗಲೆಂದು ಲೇಖಕರು ಕಥೆಯಲ್ಲಿ ರೂಢಿಯ ಇಂಗ್ಲಿಷ್ ತಿಂಗಳುಗಳನ್ನೇ ಬಳಸಿದ್ದಾರೆ. ಇದರಿಂದ ಈ ಸಂಪತ್ತೆಲ್ಲ ಅನುಬಂಧದ ಪಾಲಾಗಿದೆ. ನಡೆಯುವ ಮರದ ಸುದ್ದಿಗೆ ಪಾನಗೃಹದಲ್ಲಿ ಯಾರಾದರೊಬ್ಬರು ಆ ಗಾದೆಯಿಂದ ಉತ್ತರಕೊಟ್ಟಿದ್ದರೆ, ತಿಳಿವಳಿಕೆಯಾಗಿ ಉಳಿದದ್ದು ಅನುಭವವಾಗುತ್ತಿತ್ತು.

ಟೋಲ್ಕಿನ್ನರ ಸಂಪುಟ ಹೊರಬಂದ ೧೯೫೫ರಲ್ಲಿಯೇ ಮೇಘನಾದ ಸಹಾ ಅವರ ಅಧ್ಯಕ್ಷತೆಯ ಪಂಚಾಂಗ ಸುಧಾರಣಾ ಸಮಿತಿಯ ವರದಿಯೂ ಹೊರಬಂದಿತು. ರಾಷ್ಟ್ರೀಯ ಪಂಚಾಂಗವು ೧೯೫೭ರ ಮಾರ್ಚ್ ೨೨ರಂದು ಜಾರಿಗೆ ಬಂದಿತು. ಸರ್ಕಾರದ ಗ್ಯಾಜೆಟ್ಟಿನಲ್ಲಿ ಅದಕ್ಕೆ ಸ್ಥಾನವುಂಟು. ನಮ್ಮ ಮನೆಗಳಲ್ಲಿ ಮಾತ್ರ ಯುಗಾದಿ ಚಾಂದ್ರಮಾನದಂತೆ, ತುಳುನಾಡಿನ ಬಿಸು ಸೌರಮಾನದಂತೆ ಹಿಂದಿನಂತೆಯೇ ನಡೆದುಬರುತ್ತಿವೆ. ಜನರು ಗಣಿತವನ್ನು ಗೌರವಿಸುತ್ತಾರೆ. ಹಬ್ಬವನ್ನು ನೆನಪಿನಿಂದ ಮಾಡುತ್ತಾರೆ. ಕಲ್ಪಿತ ಲೋಕದ ಪುಟ್ಟ ಜನರೂ ಹಾಗೆಯೇ ನಡೆದುಕೊಂಡರೆಂಬುದರಲ್ಲಿ ಆ ಲೋಕದ ಸತ್ಯವಿದೆ.