ಸೊಲ್ಲು, ಸ್ವರ, ಹೆಜ್ಜೆ: ತುಮಕೂರು ಸೀಮೆಯ ರಂಗಕಲಿಕೆಯಲ್ಲಿ ಲಯ

ತುಮಕೂರು ಸೀಮೆಯ ರಂಗಪರಂಪರೆಯನ್ನು ಕುರಿತ ಅಧ್ಯಯನಗಳು ಬಹುಮಟ್ಟಿಗೆ ಪ್ರಸಂಗದ ಪಠ್ಯ, ಕವಿಯ ಕಾಲ ಹಾಗೂ ಕಂಪನಿಗಳ ಚರಿತ್ರೆಯನ್ನು ಕೇಂದ್ರವಾಗಿರಿಸಿಕೊಂಡಿವೆ. ಕಲಾವಿದನು ಲಯವನ್ನು ಮೈಗೂಡಿಸಿಕೊಳ್ಳುವ ಬಗೆ ಅವುಗಳಲ್ಲಿ ಗೌಣವಾಗಿದೆ. ಕಲಿಕೆಯೂ ಒಂದು ಪಠ್ಯವೇ. ಅದನ್ನು ಕೈಬಿಟ್ಟ ಸಂಗ್ರಹ ಅಪೂರ್ಣವೆಂಬುದು ಪ್ರಸ್ತುತ ಲೇಖನದ ನಿಲುವು.

ಕರ್ನಾಟಕ ಸಂಗೀತದ ಪಾಠಕ್ರಮದಲ್ಲಿ ಸರಳೆ, ಜಂಟಿವರಸೆಗಳ ನಂತರ ಅಲಂಕಾರಗಳು ಬರುತ್ತವೆ. ಈ ಕ್ರಮವನ್ನು ರೂಪಿಸಿದವರು ಪುರಂದರದಾಸರೆಂಬುದು ಸಂಪ್ರದಾಯದ ನಂಬಿಕೆ. ಏಳು ತಾಳಗಳು ಐದು ಜಾತಿಗಳೊಡನೆ ಸೇರಿ 35 ಆಗುತ್ತವೆ. ತಿಶ್ರಕ್ಕೆ ‘ತಕಿಟ’ (3), ಚತುರಶ್ರಕ್ಕೆ ‘ತಕಧಿಮಿ’ (4), ಖಂಡಕ್ಕೆ ‘ತಕತಕಿಟ’ (5), ಮಿಶ್ರಕ್ಕೆ ‘ತಕಿಟತಕಧಿಮಿ’ (7), ಸಂಕೀರ್ಣಕ್ಕೆ ‘ತಕಧಿಮಿತಕತಕಿಟ’ (9) ಎಂಬ ಸೊಲ್ಲುಗಳಿವೆ. ಇಲ್ಲಿ ಸೊಲ್ಲು ಒಂದು ಅಳತೆಗೋಲು. ಭಾಮಿನಿ ಷಟ್ಪದಿಯ ಮೂರು-ನಾಲ್ಕು ಮಾತ್ರೆಗಳ ನಡೆಯೂ ‘ತಕಿಟತಕಧಿಮಿ’ಯೇ ಆಗಿರುವುದರಿಂದ, ಸೊಲ್ಲು ಬಲ್ಲವನಿಗೆ ಗಣವಿಭಾಗ ನಾಲಿಗೆಯಲ್ಲಿಯೇ ಸಿದ್ಧವಿರುತ್ತದೆ.

ಮೂಡಲಪಾಯ ಯಕ್ಷಗಾನದಲ್ಲಿ ಸೊಲ್ಲಿನ ಪಾತ್ರ ಬೇರೆ. ಜೀ.ಶಂ. ಪರಮಶಿವಯ್ಯನವರು ವಿದ್ವತ್ ವಲಯದ ಗಮನಕ್ಕೆ ತಂದ ಈ ಕಲೆಯಲ್ಲಿ ಮುಖವೀಣೆ, ಮದ್ದಳೆ, ತಾಳಗಳು ಭಾಗವತರ ಹಾಡಿಕೆಗೆ ಜೊತೆಯಾಗುತ್ತವೆ. ಇಲ್ಲಿ ಸೊಲ್ಲು ಮದ್ದಳೆಯ ಪೆಟ್ಟಿಗೂ ವೇಷಧಾರಿಯ ಹೆಜ್ಜೆಗೂ ಇರುವ ಒಂದೇ ಹೆಸರು. ಇದನ್ನು ಶಾಸ್ತ್ರೀಯ ಸೊಲ್ಲುಕಟ್ಟಿನ ಅಪಭ್ರಂಶವೆಂದು ಕಾಣುವ ದೃಷ್ಟಿ ಒಪ್ಪತಕ್ಕದ್ದಲ್ಲ. ಅಲ್ಲಿ ಎಣಿಕೆ ಪ್ರಧಾನ, ಇಲ್ಲಿ ಚಲನೆ ಪ್ರಧಾನ.

ಮೂರನೆಯ ಕ್ರಮ ಪೌರಾಣಿಕ ನಾಟಕದ್ದು. 1884ರಲ್ಲಿ ಆರಂಭವಾದ ಗುಬ್ಬಿ ಕಂಪನಿ ಹಾಗೂ ಗುಬ್ಬಿ ವೀರಣ್ಣನವರ (1891–1972) ಪ್ರಭಾವ ಈ ಸೀಮೆಯಲ್ಲಿ ಆಳವಾದುದು. ಗುಬ್ಬಿ, ಕುಣಿಗಲ್ ಸುತ್ತಿನ ಹಳ್ಳಿಗಳಲ್ಲಿ ಇಂದಿಗೂ ‘ಕುರುಕ್ಷೇತ್ರ’ವನ್ನು ಕಲಿಸುವವರು ಹಾರ್ಮೋನಿಯಂ ಮೇಷ್ಟ್ರು. ಕಂದಪದ್ಯಕ್ಕೆ 64 ಮಾತ್ರೆಗಳ ಖಚಿತ ಲೆಕ್ಕವಿದ್ದರೂ ರಂಗದ ಮೇಲೆ ಅದು ತಾಳದ ಆವರ್ತಕ್ಕೆ ಒಳಪಡದೆ ಆಲಾಪವಾಗಿ ಹರಿಯುತ್ತದೆ; ವೃತ್ತವೂ ಹಾಗೆಯೇ. ಆದ್ದರಿಂದ ಕಲಿಯುವವನಿಗೆ ಮೊದಲು ಒದಗುವುದು ಸ್ವರ. ಲಯದ ಹೊಣೆ ತಬಲದವರದಾಗುತ್ತದೆ. ಇದನ್ನು ಅವನತಿಯೆನ್ನಲಾಗದು, ಉಸಿರಿನ ಹಿಡಿತವೂ ಒಂದು ಶಿಕ್ಷಣವೇ. ಆದರೆ ಹಾಡು ತಾಳಕ್ಕೆ ಬಂದೊಡನೆ ನಟನು ಎತ್ತುಗಡೆಗಾಗಿ ಮೇಷ್ಟ್ರ ಮುಖ ನೋಡುವುದು ಈ ಕ್ರಮದ ಮಿತಿಯನ್ನು ತೋರಿಸುತ್ತದೆ.

ಸಂಗ್ರಾಹಕರ ಲೋಪವನ್ನು ಹೇಳುವಾಗ ನನ್ನನ್ನು ಹೊರತುಪಡಿಸಿಕೊಳ್ಳಲಾರೆ. ನನ್ನ ಆರಂಭದ ಕ್ಷೇತ್ರಟಿಪ್ಪಣಿಗಳಲ್ಲಿ ಪದಗಳೆಲ್ಲ ಇವೆ. ಪದಕ್ಕೆ ಮುನ್ನ ಭಾಗವತರು ಉಚ್ಚರಿಸಿದ ಸೊಲ್ಲುಗಳಿಲ್ಲ. ಅರ್ಥವಿಲ್ಲದ ಅಕ್ಷರಗಳೆಂದು ಬಿಟ್ಟುಬಿಟ್ಟಿದ್ದೆ. ಇಂದು ಆ ಪದಗಳನ್ನು ಓದಬಹುದೇ ಹೊರತು ಕುಣಿಯಲಾಗದು. ತಾಳದ ಹೆಸರೊಂದನ್ನೇ ಪದದ ತಲೆಯ ಮೇಲೆ ಅಚ್ಚು ಮಾಡಿದರೆ ಸಾಲದು. ಸೊಲ್ಲು, ಮಾತ್ರೆ, ಮದ್ದಳೆಯ ಪೆಟ್ಟು, ಹೆಜ್ಜೆ ಈ ನಾಲ್ಕನ್ನೂ ಪದದೊಡನೆ ದಾಖಲಿಸಬೇಕು. ಬಲ್ಲ ಹಿರಿಯರು ನಮ್ಮೊಡನೆ ಇರುವಾಗಲೇ ಈ ಕಾರ್ಯ ನಡೆಯತಕ್ಕದ್ದು.